ಮೂರರಿಂದ ಏಳರವರೆಗೆ

ಜೂನ್ 4

ಚಿಕ್ಕೋನಿಗೆ ಅತ್ತಿಗೆಯ ಆಶೀರ್ವಾದ.

ಮೂವತ್ತೆಂಟು ತುಂಬಿದವನನ್ನು ಇನ್ನೂ ಚಿಕ್ಕೋನು ಎನ್ನುತ್ತೇನೆಂದು ಬೇಸರ ಮಾಡಿಕೊಳ್ಳಬೇಡ. ನಿಮ್ಮಣ್ಣ ಕರೆಯುತ್ತಿದ್ದ ಹೆಸರು, ನನ್ನ ಬಾಯಲ್ಲೂ ಕೂತುಬಿಟ್ಟಿದೆ. ನಾನೂ ಮಗಳೂ ಚೆನ್ನಾಗಿದ್ದೇವೆ. ಬೈಂಡಿಂಗ್ ಅಂಗಡಿ ನಡೆಯುತ್ತಿದೆ. ಹೊಲಿಗೆ ನನಗೆ ಮೊದಲೇ ಬರುತ್ತಿತ್ತು, ಈಗ ರಟ್ಟು ಕತ್ತರಿಸುವುದನ್ನೂ ಕಲಿತಿದ್ದೇನೆ. ಎಡಗೈ ಹೆಬ್ಬೆರಳಿಗೆ ಮಾತ್ರ ಎರಡು ಸಲ ಪಟ್ಟಿ ಕಟ್ಟಬೇಕಾಯಿತು.

ವಿಷಯ ಏನೆಂದರೆ, ನಮ್ಮ ಮನೆಯಲ್ಲೂ ಒಂದು ತೆರಪು ಎದ್ದಿದೆ. ಹೋದ ಸೋಮವಾರ ಬೆಳಿಗ್ಗೆ ಎದ್ದು ನೋಡಿದರೆ ಅಡುಗೆಮನೆಗೂ ಬಚ್ಚಲಿಗೂ ನಡುವಿನ ಗೋಡೆ ಇರಲಿಲ್ಲ. ಆ ಜಾಗದಲ್ಲಿ ಮೇಲಕ್ಕೆ ಹೋಗುವ ಏಳು ಮೆಟ್ಟಿಲು. ನಮ್ಮದು ಒಂದೇ ಅಂತಸ್ತಿನ ಮನೆ, ಹತ್ತಿ ಹೋಗುವುದಾದರೂ ಎಲ್ಲಿಗೆ?

ಬೇರೆಯವರ ಮನೆಯಲ್ಲಿ ತೆರಪು ಎದ್ದಾಗ ನಾನೂ ನೋಡಲು ಓಡಿದವಳೇ. ಎದುರು ಮನೆಯ ಟೈಲರ್ ತಾನು ಊರು ಬಿಟ್ಟ ಕಥೆಯನ್ನು ಪ್ರತಿ ಸಲವೂ ಒಂದೇ ಕಡೆ ಹಾರಿಸಿ ಹೇಳುತ್ತಿದ್ದನಲ್ಲ, ಕೊನೆಗೆ ಹಾರಿಸಿದ ಜಾಗವೇ ಅವನ ಮನೆಯೊಳಗೆ ಎದ್ದಿತು. ರೈಲು ನಿಲ್ದಾಣದ ಬೆಂಚು, ನೀರಿನ ನಲ್ಲಿ ಎಲ್ಲ ಇತ್ತು, ಮನುಷ್ಯರು ಮಾತ್ರ ಇರಲಿಲ್ಲ. ಆಗ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದೆ. ಈಗ ನಗುವ ಸರದಿ ಅವನದು.

ತೆರಪು ಕಚೇರಿಯ ಗುಮಾಸ್ತ ಟೇಪು ಹಿಡಿದು ಬಂದ. “ಯಾವ ಕಥೆಯಮ್ಮ ಇದು? ಮನೇಲಿ ದಿನಾ ಏನ್ ಹೇಳ್ತಿದ್ರಿ?” ಎಂದು ಕೇಳಿದ. ನಾನು ಯೋಚಿಸಬೇಕಾಗಿ ಬರಲಿಲ್ಲ. ಈ ಮನೆಯಲ್ಲಿ ಒಂದು ವರ್ಷದಿಂದ ಹೇಳುತ್ತಿರುವುದು ಒಂದೇ ಕಥೆ. ಊಟಕ್ಕೆ ಕೂತಾಗ ಮಗಳು ಕೇಳುತ್ತಾಳೆ, ನಾನು ಹೇಳುತ್ತೇನೆ. ಅಪ್ಪ ಅವತ್ತು ಅಂಗಡಿಗೆ ಬೀಗ ಹಾಕಿ ಹನ್ನೊಂದರ ಬಸ್ಸಿಗೆ ಚಿಕ್ಕಪ್ಪನ ಊರಿಗೆ ಹೋದರು. ಮೂರಕ್ಕೆ ಚಿಕ್ಕಪ್ಪನ ಮನೆ ಮುಟ್ಟಿರಬೇಕು. ಚಿಕ್ಕಪ್ಪ ಊರಿನಲ್ಲಿರಲಿಲ್ಲ, ಮನೆಗೆ ಬೀಗ ಹಾಕಿತ್ತು. ಏಳು ಗಂಟೆಗೆ ಬಸ್ ನಿಲ್ದಾಣದಲ್ಲಿ ಎದೆ ಹಿಡಿದುಕೊಂಡು ಕೂತರು, ಮತ್ತೆ ಏಳಲಿಲ್ಲ. ಗುಮಾಸ್ತ ಪೆನ್ನು ಎತ್ತಿ ಹಿಡಿದು, “ಮೂರರಿಂದ ಏಳರವರೆಗೆ ಏನಾಯ್ತು?” ಎಂದ. ನನಗೆ ಗೊತ್ತಿಲ್ಲ ಎಂದೆ.

“ಗೊತ್ತಿರೋರು ಇಲ್ಲಿ ನಿಂತು ಹೇಳಿದ್ರೂ ಸರಿ, ಬರೆದು ಕಳಿಸಿದ್ದನ್ನ ನೀವೇ ಜೋರಾಗಿ ಓದಿದ್ರೂ ಸರಿ, ಮುಚ್ಕೊಳ್ಳುತ್ತೆ. ಇಲ್ದಿದ್ರೆ ಪಾತ್ರೆ ಪಗಡ ಇಟ್ಕೊಳ್ಳಿ. ಈ ಕಾಲದಲ್ಲಿ ಜಾಗ ಯಾರಿಗೆ ಸಿಗುತ್ತೆ” ಎಂದು ಹೇಳಿ ಹೊರಟ.

ಆ ನಾಲ್ಕು ಗಂಟೆ ಅವರು ಎಲ್ಲಿದ್ದರೋ ನಿನಗೇನಾದರೂ ಗೊತ್ತಾ? ನಿನ್ನ ಊರು, ವಿಚಾರಿಸಿದರೆ ತಿಳಿಯಬಹುದು. ಹೊತ್ತಿಗೆ ಸರಿಯಾಗಿ ಊಟ ಮಾಡು.

ಅತ್ತಿಗೆ

*

ಜೂನ್ 13

ಪೂಜ್ಯ ಅತ್ತಿಗೆಗೆ ನಮಸ್ಕಾರಗಳು.

ಕಾಗದ ತಲುಪಿತು. ತೆರಪಿನ ಬಗ್ಗೆ ತಲೆ ಕೆಡಿಸಿಕೊಳ್ಳಬೇಡಿ. ಈ ಊರಿನಲ್ಲಿ ಮನೆಗೆ ಎರಡು ಮೂರಿವೆ. ನಾನು ಕೆಲಸ ಮಾಡುವ ಪ್ರೆಸ್ಸಿನ ಮಾಲೀಕರ ಮನೆಯಲ್ಲಿ, ಅವರ ಮಾವ ಯಾರಿಗೂ ಹೇಳದೆ ಬಿಟ್ಟ ಒಂದು ತೋಟವೇ ಇದೆ. ಯಾವ ತೋಟ, ಅಲ್ಲಿ ಏನು ನಡೆಯಿತು ಎಂದು ಯಾರೂ ಕೇಳುವುದಿಲ್ಲ. ಬಟ್ಟೆ ಒಣಗಿಸಲು ಒಳ್ಳೆಯ ಜಾಗ ಎನ್ನುತ್ತಾರೆ ಅಷ್ಟೆ.

ಅಣ್ಣ ಬಂದ ದಿನ ನಾನು ಊರಿನಲ್ಲಿರಲಿಲ್ಲವೆಂದು ಆಗಲೇ ಹೇಳಿದ್ದೇನೆ. ಬೀಗ ನೋಡಿ ಪೇಟೆಯಲ್ಲಿ ಸುತ್ತಾಡಿರಬಹುದು. ಇಲ್ಲಿ ಕಾಗದದ ಅಂಗಡಿಗಳು ಬೇಕಾದಷ್ಟಿವೆ, ಕಾಗದ ಕಂಡರೆ ಅವನಿಗೆ ಹೊತ್ತು ಹೋಗುವುದು ತಿಳಿಯುತ್ತಿರಲಿಲ್ಲ.

ನೀವು ಮೇಲೆ ಹತ್ತಿ ನೋಡಿದಿರಾ? ಹತ್ತದಿದ್ದರೆ ಹತ್ತಲೇಬೇಡಿ. ಮರದ ಮೆಟ್ಟಿಲು ಯಾವಾಗ ಕೈ ಕೊಡುತ್ತದೋ ಹೇಳಲಾಗುವುದಿಲ್ಲ. ಒಂದು ಬೀರು ಅಡ್ಡ ಇಟ್ಟುಬಿಡಿ. ಮಗಳಿಗೆ ನನ್ನ ಪ್ರೀತಿ ತಿಳಿಸಿ.

ನಿಮ್ಮ ಮೈದುನ

*

ಜೂನ್ 20

ಚಿಕ್ಕೋನಿಗೆ ಆಶೀರ್ವಾದ.

ಹತ್ತಬೇಡಿ ಎಂದು ನೀನು ಬರೆಯುವ ಮೊದಲೇ ಮಗಳು ಹತ್ತಿ ಇಳಿದಾಗಿತ್ತು. ಅಲ್ಲಿ ಸೆಖೆ ಇಲ್ಲವೆಂದು ಈಗ ಪಾಠದ ಪುಸ್ತಕಗಳನ್ನು ಅಲ್ಲೇ ಹರಡಿಕೊಳ್ಳುತ್ತಾಳೆ. ನಿನ್ನೆ ಅವಳು ಶಾಲೆಗೆ ಹೋದ ಮೇಲೆ ನಾನೂ ಹತ್ತಿದೆ.

ಮೆಟ್ಟಿಲು ಮುಗಿಯುವ ಕಡೆ ಎರಡು ಚಾಪೆ ಹಾಸುವಷ್ಟು ಜಾಗ. ಎಡಕ್ಕೊಂದು ಬಾಗಿಲು, ಬಲಕ್ಕೊಂದು. ಎಡಗಡೆಯದಕ್ಕೆ ಹೊರಗಿನಿಂದ ಬೀಗವಿಲ್ಲ. ಕೆಳಗಿನ ಸಂದಿನಲ್ಲಿ ದೀಪದ ಬೆಳಕು ಕಾಣುತ್ತದೆ. ತಳ್ಳಿದೆ, ತೆರೆಯಲಿಲ್ಲ. ನಿನ್ನ ಮನೆಗೆ ಬೀಗ ಇತ್ತು ಎಂದಿದ್ದೆಯಲ್ಲ, ಹಾಗಾಗಿ ಇದು ನಿನ್ನದಲ್ಲ ಎನ್ನುವುದು ಸ್ಪಷ್ಟ. ಎರಡು ಬಾಗಿಲುಗಳ ನಡುವೆ ಒಂದು ಜೊತೆ ಹೆಂಗಸಿನ ಚಪ್ಪಲಿ ಬಿಟ್ಟಿದ್ದಾರೆ. ಸಣ್ಣ ಪಾದ, ಬಿಳಿ ಪಟ್ಟಿ. ಮೇಲಿನ ಮೆಟ್ಟಿಲಿನ ಮೇಲೆ ಒಂದು ಹಾಳೆ ಹಾಸಿದೆ. ಅದರ ಮೇಲೆ ಕಿತ್ತಳೆ ಹಣ್ಣಿನ ಸಿಪ್ಪೆ, ಪಕ್ಕದಲ್ಲಿ ಅರ್ಧ ಹಣ್ಣು ತಿನ್ನದೆ ಎತ್ತಿಟ್ಟದ್ದು. ಹಣ್ಣಿನ ಸಿಪ್ಪೆಯನ್ನು ಒಂದೇ ಸುರುಳಿಯಾಗಿ ಬಿಡಿಸುತ್ತಿದ್ದವರು ಯಾರೆಂದು ನಾನು ನಿನಗೆ ಹೇಳಬೇಕಾಗಿಲ್ಲ. ಉಳಿದರ್ಧ ಯಾರಿಗೆ?

ಇನ್ನೊಂದು ಮಾತು ಬೆಳಗಿನಿಂದ ಕೊರೆಯುತ್ತಿದೆ. ನೀನು ಮನೆ ಬಿಟ್ಟು ಹೋದದ್ದು, ನಮ್ಮಲ್ಲಿ ಬೈಂಡಿಂಗಿಗೆ ಬಂದಿದ್ದ ಆ ಮುದುಕರ ಆತ್ಮಕಥೆಯ ಗಲಾಟೆಯಿಂದ. ಮುನ್ನೂರು ಪ್ರತಿಯಲ್ಲೂ ಒಂಬತ್ತನೇ ಫಾರಂ, ಮಡಿಸಿದ ಹದಿನಾರು ಪುಟದ ಆ ಕಂತೆ, ಮಾಯ. ಪಾಪ, ಆ ಮುದುಕರು ಎಂಟನೇ ಫಾರಂನಲ್ಲಿ ಬ್ರಹ್ಮಚಾರಿ, ಹತ್ತನೆಯದರಲ್ಲಿ ಮಗನಿಗೆ ಮಗ್ಗಿ ಹೇಳಿಕೊಡುತ್ತಿದ್ದರು. ಮದುವೆಯೇ ಹಾರಿಹೋಗಿತ್ತು. ನಿಮ್ಮಣ್ಣ ಅವರ ಎದುರಿಗೇ ನಿನ್ನನ್ನು ಬೈದರು, ನೀನು ಹೋದೆ. ಆಮೇಲೆ ಎರಡು ವರ್ಷ ಅವರು ನಿನ್ನ ಹೆಸರೆತ್ತಲಿಲ್ಲ. ಅಂಥವರು ಅವತ್ತು ಇದ್ದಕ್ಕಿದ್ದಂತೆ “ಚಿಕ್ಕೋನನ್ನ ನೋಡ್ಕೊಂಡ್ ಬರ್ತೀನಿ” ಎಂದು ಹೊರಟದ್ದು ಈಗ ಯೋಚಿಸಿದರೆ ನೆಪ ಅನ್ನಿಸುತ್ತಿದೆ.

ನಾನು ಈ ಮನೆಗೆ ಬಂದಾಗ ನಿನಗೆ ಹದಿನಾಲ್ಕು. ನಿನ್ನ ಜ್ವರಕ್ಕೆ ಗಂಜಿ ಕಾಯಿಸಿದವಳು ಕೇಳುತ್ತಿದ್ದೇನೆ. ಅವರಿಗೆ ಆ ಊರಿನಲ್ಲಿ ಯಾರಾದರೂ ಇದ್ದರಾ? ಇದ್ದರೆ ಇದ್ದರು ಅನ್ನು. ಇಲ್ಲದಿದ್ದರೆ ಇಲ್ಲ ಅನ್ನು.

ಅತ್ತಿಗೆ

*

ಜುಲೈ 16

ಪೂಜ್ಯ ಅತ್ತಿಗೆಗೆ ನಮಸ್ಕಾರಗಳು.

ತಡವಾದದ್ದಕ್ಕೆ ಕ್ಷಮಿಸಿ. ಶಾಲೆಗಳು ಶುರುವಾದ ಕಾಲ, ಪ್ರೆಸ್ಸಿನಲ್ಲಿ ತಲೆ ಎತ್ತಲು ಬಿಡುವಿರಲಿಲ್ಲ.

ಹೋದವರ ವಿಷಯ ಕೆದಕಿ ನಮಗೆ ಸಿಗುವುದೇನು? ಅಣ್ಣ ನಿಮ್ಮನ್ನು ಎಷ್ಟು ಚೆನ್ನಾಗಿ ನೋಡಿಕೊಂಡ ಎನ್ನುವುದು ನಿಮಗೇ ಗೊತ್ತು. ಅವನೂ ಮನುಷ್ಯನೇ ತಾನೆ. ಮನುಷ್ಯ ಎಂದಮೇಲೆ ನಾಲ್ಕು ಗಂಟೆ ಹೊತ್ತು ಎಲ್ಲೋ ಒಂದು ಕಡೆ ಇದ್ದಿರಬಹುದು. ಅದರಿಂದ ಇಷ್ಟು ವರ್ಷದ ಸಂಸಾರ ಸುಳ್ಳಾಗುವುದಿಲ್ಲ. ನೀವು ದೊಡ್ಡ ಮನಸ್ಸು ಮಾಡಿ ಮರೆತುಬಿಡಿ. ಬೀರು ಇಡುವುದಾದರೆ ಹೇಳಿ, ನಾನೇ ಒಂದು ಮಾಡಿಸಿ ಕಳಿಸುತ್ತೇನೆ.

ನಿಮ್ಮ ಮೈದುನ

*

ಜುಲೈ 23

ಚಿಕ್ಕೋನಿಗೆ,

ಅರ್ಥವಾಯಿತು. ಇಲ್ಲ ಎನ್ನುವುದಕ್ಕೆ ಒಂದು ಗೆರೆ ಸಾಕಿತ್ತು. ನೀನು ಅರ್ಧ ಪುಟ ಬರೆದೆ, ಅದರಲ್ಲಿ ಇಲ್ಲ ಎಂಬ ಮಾತು ಒಂದು ಕಡೆಯೂ ಇರಲಿಲ್ಲ. ಅಣ್ಣನ ಮರ್ಯಾದೆ ಕಾಪಾಡಲು ಹೆಣಗಾಡಿದ್ದೀಯ. ಅದಕ್ಕೆ ನಿನ್ನ ಮೇಲೆ ಸಿಟ್ಟಿಲ್ಲ.

ಅವರ ಅಂಗಿಗಳನ್ನೆಲ್ಲ ಗಂಟು ಕಟ್ಟಿ ಕೊಟ್ಟುಬಿಟ್ಟೆ. ಅಂಗಡಿಯ ಬೋರ್ಡಿನಿಂದ ಹೆಸರು ಅಳಿಸಿ ಬರೀ ‘ಬೈಂಡಿಂಗ್ ಕೆಲಸ’ ಎಂದು ಬರೆಸಿದ್ದೇನೆ. ಬೀರು ಬೇಡ.

ಅತ್ತಿಗೆ

*

ಆಗಸ್ಟ್ 21

ಚಿಕ್ಕೋನಿಗೆ,

ನನ್ನ ಕಾಗದಕ್ಕೆ ನಿನ್ನಿಂದ ಉತ್ತರ ಬರಲಿಲ್ಲ. ಉತ್ತರ ಬೇಡವೆನ್ನುವ ಹಾಗೆಯೇ ನಾನು ಬರೆದಿದ್ದೆ, ಅದೂ ಸರಿಯೇ. ಆದರೆ ಈ ಕಾಗದಕ್ಕೆ ಉತ್ತರ ಬೇಕು.

ಹೋದ ಭಾನುವಾರ ಮಗಳನ್ನು ಕೂರಿಸಿಕೊಂಡು ಕಥೆಯನ್ನು ಪೂರ್ತಿ ಹೇಳಿಬಿಟ್ಟೆ. ಹನ್ನೆರಡು ವರ್ಷದವಳು, ನಾಳೆ ಬೀದಿಯವರ ಬಾಯಿಂದ ಕೇಳುವುದಕ್ಕಿಂತ ನನ್ನಿಂದಲೇ ಕೇಳಲಿ ಎಂದುಕೊಂಡೆ. ನಿಮ್ಮಪ್ಪ ಅವತ್ತು ಚಿಕ್ಕಪ್ಪನ ಹೆಸರು ಹೇಳಿ ಒಬ್ಬ ಹೆಂಗಸಿನ ಮನೆಗೆ ಹೋದರು, ಮೂರರಿಂದ ಏಳರವರೆಗೆ ಅಲ್ಲಿದ್ದರು ಎಂದು ಅದೇ ಮೆಟ್ಟಿಲ ಮೇಲೆ ನಿಂತು ಜೋರಾಗಿ ಹೇಳಿದೆ. ಅವಳು ಅಳಲಿಲ್ಲ. ಪಾಠದ ಪುಸ್ತಕಗಳನ್ನು ಎತ್ತಿಕೊಂಡು ಇಳಿದು ಹೋದಳು. ಅಂದಿನಿಂದ ಊಟಕ್ಕೆ ಕೂತಾಗ ಅಪ್ಪನ ಕಥೆ ಕೇಳುವುದನ್ನು ನಿಲ್ಲಿಸಿದ್ದಾಳೆ.

ಮುಚ್ಚಬೇಕಿತ್ತಲ್ಲ ತೆರಪು? ಮುಚ್ಚಲಿಲ್ಲ. ಮಾರನೆಯ ದಿನ ಏಳಿದ್ದ ಮೆಟ್ಟಿಲು ಹದಿನಾರಾಗಿತ್ತು. ಬಚ್ಚಲು ಅಷ್ಟು ದೂರ ಸರಿದಿದೆ, ಬಿಸಿನೀರು ಹೊತ್ತುಕೊಂಡು ಹೋಗುವಷ್ಟರಲ್ಲಿ ತಣ್ಣಗಾಗುತ್ತದೆ. ಗುಮಾಸ್ತನನ್ನು ಕರೆಸಿದೆ. ಅವನು ಮತ್ತೆ ಟೇಪು ಹಿಡಿದು, ಕನ್ನಡಕ ಮೇಲೆ ಸರಿಸಿ, “ಏನಮ್ಮ, ಸುಳ್ಳು ಹೇಳಿದ್ರಾ? ಸುಳ್ಳು ತುಂಬಿದ್ರೆ ಬೆಳೆಯುತ್ತೆ, ಮುಚ್ಚಲ್ಲ. ನಮ್ಮ ಮಾವನ ಮನೇಲಿ ಹೀಗೇ ಮಾಡಿ ದನದ ಕೊಟ್ಟಿಗೆ ಮೂರು ಪಟ್ಟಾಯ್ತು” ಎಂದ.

ಹಾಗಾದರೆ ಅವರು ಯಾವ ಹೆಂಗಸಿನ ಮನೆಗೂ ಹೋಗಲಿಲ್ಲ. ಗುಮಾಸ್ತ ಹೋದ ಮೇಲೆ ನಿನ್ನ ಕಾಗದಗಳನ್ನು ತೆಗೆದು ಮೊದಲಿನಿಂದ ಓದಿದೆ. ಜೂನ್ ತಿಂಗಳಲ್ಲಿ ‘ಮರದ ಮೆಟ್ಟಿಲು ಯಾವಾಗ ಕೈ ಕೊಡುತ್ತದೋ’ ಎಂದು ಬರೆದಿದ್ದೀಯ. ಮೆಟ್ಟಿಲು ಮರದ್ದು ಎಂದು ನಾನು ಯಾವಾಗ ಬರೆದೆ?

ಅದು ಯಾರ ಬಾಗಿಲು?

ಅತ್ತಿಗೆ

*

ಆಗಸ್ಟ್ 28

ಪೂಜ್ಯ ಅತ್ತಿಗೆಗೆ,

ಅದು ನನ್ನ ಬಾಗಿಲು.

ಬೀಗ ಇರಲಿಲ್ಲ. ನಾನು ಒಳಗಿದ್ದೆ. ಆ ವಾರ ನಾನು ಊರು ಬಿಟ್ಟು ಎಲ್ಲಿಗೂ ಹೋಗಿರಲಿಲ್ಲ. ಚಪ್ಪಲಿ ಎದುರು ಮನೆಯಲ್ಲಿರುವ ನರ್ಸಮ್ಮನದು. ಅವರಿಗೆ ಅಣ್ಣ ಯಾರೆಂದೇ ಗೊತ್ತಿಲ್ಲ.

ಮೂರು ಗಂಟೆಗೆ ಅಣ್ಣ ಬಂದು ಬಾಗಿಲು ತಟ್ಟಿದ. ದನಿಯಿಂದ ಗುರುತು ಸಿಕ್ಕಿತು. ನನಗೆ ಆ ಹಳೆಯ ಕೋಪ ಇನ್ನೂ ಇತ್ತು, ತೆಗೆಯಲಿಲ್ಲ. ಸ್ವಲ್ಪ ಹೊತ್ತು ನಿಂತು ಹೊರಟುಹೋಗುತ್ತಾನೆ ಎಂದುಕೊಂಡೆ. ಅವನು ಮೆಟ್ಟಿಲ ಮೇಲೆ ಹಾಳೆ ಹಾಸಿಕೊಂಡು ಕೂತ. ಆರೂವರೆಯವರೆಗೆ ಕೂತಿದ್ದ. ಆಮೇಲೆ ಎದ್ದು ಹೋದ. ಏಳೂವರೆಗೆ ನಿಲ್ದಾಣದಿಂದ ಪೊಲೀಸಿನವರು ಬಂದು ನನ್ನ ವಿಳಾಸ ಇರುವ ಚೀಟಿ ತೋರಿಸಿದಾಗ, ಈಗ ತಾನೇ ಬೇರೆ ಊರಿನಿಂದ ಬಂದೆ ಎಂದೆ. ಆ ಮಾತು ಬಾಯಿಗೆ ಹೇಗೆ ಬಂತೋ ತಿಳಿಯದು. ಒಮ್ಮೆ ಹೇಳಿದ ಮೇಲೆ ನಿಮಗೂ ಅದನ್ನೇ ಹೇಳಿದೆ.

ನೀವು ಹೆಂಗಸಿನ ಮಾತು ಎತ್ತಿದಾಗ ಇಲ್ಲ ಎಂದು ಬರೆಯಬೇಕಿತ್ತು. ಮೂರು ಸಲ ಬರೆದು ಹರಿದೆ. ಇಲ್ಲ ಎಂದರೆ ಮತ್ತೆ ಎಲ್ಲಿದ್ದರು ಎಂದು ಕೇಳುತ್ತೀರಿ ಎನ್ನುವ ಭಯ. ನನ್ನ ತಪ್ಪನ್ನು ಅಣ್ಣನ ತಲೆಗೆ ಕಟ್ಟಿದೆ. ಸತ್ತವನು ಬಂದು ಕೇಳುವುದಿಲ್ಲವಲ್ಲ ಎಂಬ ಧೈರ್ಯ.

ಈ ಕಾಗದವನ್ನು ಮೆಟ್ಟಿಲ ಮೇಲೆ ನಿಂತು ಓದಿ, ಮಗಳೂ ಕೇಳಲಿ. ತೆರಪು ಮುಚ್ಚುತ್ತದೆ. ನನ್ನನ್ನು ಕ್ಷಮಿಸಿ ಎಂದು ಕೇಳುವ ಮುಖವಿಲ್ಲ.

ಮೈದುನ

*

ಸೆಪ್ಟೆಂಬರ್ 4

ಓದಿದೆ. ಮಗಳೂ ಪಕ್ಕದಲ್ಲಿದ್ದಳು.

ಹದಿನಾರು ಮೆಟ್ಟಿಲಲ್ಲಿ ಹದಿನೈದು ಹೋದವು. ಚಪ್ಪಲಿ ಹೋಯಿತು, ಎದುರು ಬಾಗಿಲು ಹೋಯಿತು, ಬಚ್ಚಲು ಸ್ವಲ್ಪ ಹತ್ತಿರ ಬಂತು. ಆದರೆ ಮೇಲಿನ ಆ ಒಂದು ಮೆಟ್ಟಿಲು ಉಳಿದಿದೆ, ನಿನ್ನ ಬಾಗಿಲು ಉಳಿದಿದೆ. ಅಡುಗೆಮನೆಯ ನೆಲಕ್ಕೇ ಇಳಿದು ನಿಂತಿವೆ. ಬಾಗಿಲ ಕೆಳಗೆ ಈಗಲೂ ಬೆಳಕಿದೆ.

ನೀನು ಇನ್ನೂ ಏನೋ ಬಿಟ್ಟಿದ್ದೀಯ. ಫಾರಂ ಜೋಡಿಸುವವನಿಗೆ ಯಾವುದು ಬಿಟ್ಟಿತೆಂದು ತಿಳಿಯುವುದಿಲ್ಲವೇ? ನಿಮ್ಮಣ್ಣ ಬಾಯಿ ಮುಚ್ಚಿಕೊಂಡು ಮೂರೂವರೆ ಗಂಟೆ ಕೂರುವ ಮನುಷ್ಯನಲ್ಲ. ಬಾಗಿಲ ಹೊರಗೆ ನಿಂತು ಏನಂದರು?

*

ಸೆಪ್ಟೆಂಬರ್ 11

ಅತ್ತಿಗೆ,

ಬರೆಯುತ್ತೇನೆ. ಇದರಲ್ಲಿ ಏನನ್ನೂ ಬಿಡುವುದಿಲ್ಲ.

ಆ ಆತ್ಮಕಥೆಯ ಕೆಲಸದಲ್ಲಿ ಫಾರಂಗಳನ್ನು ಮೇಜಿನ ಮೇಲೆ ಗುಡ್ಡೆ ಇಟ್ಟವನು ಅಣ್ಣ. ಯಾವಾಗಲೂ ಅವನೇ ಇಡುವುದು, ನಂಬರು ಕೂಗುವುದು. ನಾನು ಮೇಜಿನ ಉದ್ದಕ್ಕೂ ನಡೆದು ಗುಡ್ಡೆಗೆ ಒಂದೊಂದರಂತೆ ಎತ್ತಿಕೊಂಡು ಜೋಡಿಸುತ್ತಿದ್ದೆ. ಅವತ್ತು ಅವನು ಒಂಬತ್ತು ಎಂದು ಕೂಗಿದ ನೆನಪು ನನಗೆ ಚೆನ್ನಾಗಿತ್ತು. ಅಂದಮೇಲೆ ಗುಡ್ಡೆ ಇರಲೇಬೇಕು ಎಂದು ನೋಡದೆ ನಡೆದೆ. ಆ ಮುದುಕರ ಎದುರಿಗೆ ಅವನು “ಕಣ್ಣು ಎಲ್ಲಿಟ್ಟಿದ್ದೆ?” ಎಂದು ಬೈದಾಗ ನಾನು ಗಂಟು ಕಟ್ಟಿಕೊಂಡು ಹೊರಟೆ. ಮುಂದೆ ಒಂದು ದಿನ ಅವನೇ ಬಂದು ತಪ್ಪು ಒಪ್ಪಿಕೊಳ್ಳಬೇಕು ಎನ್ನುವ ಹಟದಲ್ಲೇ ಎರಡು ವರ್ಷ ಕಳೆದೆ.

ಅವನು ಬಂದು ಬಾಗಿಲ ಹೊರಗೆ ನಿಂತು ಹೇಳಿದ್ದು ಇಷ್ಟು: “ಚಿಕ್ಕೋನೆ, ಒಂಬತ್ತನೇ ಫಾರಂ ಸಿಕ್ತು ಕಣೋ. ಕಟಿಂಗ್ ಮಿಷಿನ್ ಹಿಂದೆ ನಾನೇ ಇಟ್ಟು ಮರ್ತಿದ್ದೆ. ತಪ್ಪು ನಂದು. ಎಲ್ಲರ ಮುಂದೆ ನಿನ್ನ ಮೇಲೆ ಹಾಕ್ಬಿಟ್ಟೆ. ಮನೆಗೆ ಬಾ, ಬಾಗಿಲು ತೆಗಿ.”

ಹೋದ ಕಾಗದದಲ್ಲಿ ಕೋಪ ಇತ್ತು ಎಂದು ಬರೆದೆ. ಕೋಪವಾಗಿದ್ದರೆ ವಾಸಿಯಿತ್ತು. ಆ ಮಾತು ಕೇಳಿ ನನಗೆ ಸಂತೋಷವಾಯಿತು. ಎರಡು ವರ್ಷ ಕಾದ ಮಾತು ಬಂತು, ಅದನ್ನು ಒಮ್ಮೆ ಕೇಳಿದರೆ ಸಾಲದು ಅನ್ನಿಸಿತು. ಕೂತಿರಲಿ, ಇನ್ನೊಂದು ಸಲ ಕೇಳಲಿ, ಆಮೇಲೆ ತೆಗೆಯೋಣ ಎಂದುಕೊಂಡೆ. ನನ್ನ ಕೋಣೆಗೆ ಕಿಟಕಿಯಿಲ್ಲ, ಹಗಲಲ್ಲೂ ದೀಪ ಬೇಕು. ಒಳಗೆ ಯಾರೂ ಇಲ್ಲ ಎನಿಸಬೇಕಿದ್ದರೆ ದೀಪ ಆರಿಸಬಹುದಿತ್ತು. ಆರಿಸಲಿಲ್ಲ. ನಾನು ಒಳಗಿದ್ದೂ ತೆಗೆಯುತ್ತಿಲ್ಲ ಎನ್ನುವುದು ಅವನಿಗೆ ಗೊತ್ತಾಗಲಿ ಎಂದೇ ಉರಿಸಿಟ್ಟೆ.

ಅವನು ಎರಡನೆಯ ಸಲ ಕೇಳಲೇ ಇಲ್ಲ. ನೀವು ಹೇಳಿದಂತೆ ಬಾಯಿ ಮುಚ್ಚಿ ಕೂರಲೂ ಇಲ್ಲ. ಮಗಳು ಲೆಕ್ಕದಲ್ಲಿ ಚುರುಕು ಎಂದ. ನೀವು ಹೊಲಿದ ಪುಸ್ತಕದ ಬೆನ್ನು ತನ್ನದಕ್ಕಿಂತ ನೇರ ಬರುತ್ತದೆ, ಅದನ್ನು ನಿಮ್ಮೆದುರು ಹೇಳಿದರೆ ತಲೆಗೇರುತ್ತದೆ ಎಂದು ಹೇಳಿಲ್ಲ ಎಂದ. ಒಬ್ಬನೇ ನಕ್ಕ. ಸುಮ್ಮನೆ ಮನೆ ಮಾತು ಆಡುತ್ತಾ ಇದ್ದ, ನಾನು ಬಾಗಿಲಿಗೆ ಬೆನ್ನು ಕೊಟ್ಟು ಕೂತು ಕೇಳುತ್ತಿದ್ದೆ. ನಮ್ಮಿಬ್ಬರ ನಡುವೆ ಒಂದು ಹಲಗೆಯಷ್ಟೇ ಇತ್ತು. ಆರೂವರೆಗೆ ಎದ್ದ. “ಆಯ್ತು ಕಣೋ, ಬಸ್ಸಿಗೆ ಹೊತ್ತಾಯ್ತು. ಅರ್ಧ ಹಣ್ಣು ಇಟ್ಟಿದೀನಿ, ತಿನ್ನು” ಎಂದು ಇಳಿದು ಹೋದ. ಆಗಲೂ ನಾನು ಏಳಲಿಲ್ಲ. ನಾಳೆ ಬೆಳಿಗ್ಗೆ ನಾನೇ ಊರಿಗೆ ಹೊರಟರಾಯಿತು ಎಂದುಕೊಂಡು ಬಾಗಿಲು ತೆಗೆದು ಹಣ್ಣು ಒಳಗೆ ತಂದೆ.

ಏಳು ಗಂಟೆಗೆ ಅದನ್ನು ತಿನ್ನುತ್ತಿದ್ದೆ ಅತ್ತಿಗೆ. ಸಿಹಿಯಾಗಿತ್ತು.

*

ಸೆಪ್ಟೆಂಬರ್ 19

ಚಿಕ್ಕೋನು ಎಂದು ಬರೆಯಲು ಕೈ ಬರುತ್ತಿಲ್ಲ. ಮುಂದೆ ಬರಬಹುದು, ಬಾರದಿರಬಹುದು. ನಿನ್ನ ಮೇಲಿನ ಸಿಟ್ಟು ನನ್ನ ಹತ್ತಿರ ಇದೆ, ಅದನ್ನು ಏನು ಮಾಡಬೇಕೆಂದು ನಿಧಾನವಾಗಿ ಯೋಚಿಸುತ್ತೇನೆ. ನೀನು ಜೀವಂತ ಇದ್ದೀಯ, ನಿನ್ನ ಜೊತೆ ಜಗಳವಾಡಲು ಹೊತ್ತಿದೆ.

ಕಾಗದ ಶನಿವಾರ ಬಂತು. ಮಗಳು ಎಲ್ಲವನ್ನೂ ಕೇಳಿಸಿಕೊಂಡು, “ಅಪ್ಪ ಚಿಕ್ಕಪ್ಪನ್ನ ನೋಡೋಕೇ ಹೋಗಿದ್ರು ತಾನೆ? ಮತ್ತೆ ನೀನ್ಯಾಕಮ್ಮ ಹಾಗಂದೆ?” ಎಂದು ಕೇಳಿದಳು. ಒಂದು ಜೊತೆ ಚಪ್ಪಲಿ ನೋಡಿ ಹಾಗಂದೆ ಎನ್ನಲೇ? ಹೊಲಿಗೆ ಕಲಿತ ಮೇಲೆ ಹದಿನಾರು ವರ್ಷ ಒಂದೇ ಮೇಜಿನಲ್ಲಿ ಅವರ ಎದುರುಬದುರು ಕೂತು ಸೂಜಿ ಹಿಡಿದವಳು ನಾನು. ಬೇರೆ ಯಾರು ಏನಂದರೂ ಅವರು ಅಂಥವರಲ್ಲ ಎಂದು ಮೊದಲು ಹೇಳಬೇಕಾದವಳು. ಒಂದೇ ತಿಂಗಳಲ್ಲಿ ನಂಬಿದೆ. ನೀನು ಇಲ್ಲ ಎನ್ನಲಿಲ್ಲ, ನಿಜ. ನಾನು ನಿನ್ನನ್ನು ಕೇಳಿದ್ದೇ ತಪ್ಪು.

ಬೋರ್ಡಿನ ಮೇಲೆ ಹೆಸರು ಮತ್ತೆ ಬರೆಸಿದೆ. ಅಂಗಿ ಒಂದೂ ಸಿಗಲಿಲ್ಲ. ಗಂಟು ಒಯ್ದವರು ಎಲ್ಲಿಯವರೋ ಏನೋ.

ಅವರನ್ನು ಮನಸ್ಸಿನಲ್ಲಿ ಎರಡು ತಿಂಗಳು ಬೈದಿದ್ದೇನೆ, ಮಗಳ ಬಾಯಿಂದ ಅವರ ಹೆಸರು ಹೋಗುವ ಹಾಗೆ ಮಾಡಿದ್ದೇನೆ. ತಪ್ಪಾಯಿತು ಎಂದು ಅವರಿಗೇ ಹೇಳಬೇಕಿತ್ತು. ಅವರು ಕೂತು ನಮ್ಮ ಬಗ್ಗೆ ಮಾತಾಡಿದ ಜಾಗ ಲೋಕದಲ್ಲಿ ಬೇರೆಲ್ಲೂ ಅಲ್ಲ, ನನ್ನ ಅಡುಗೆಮನೆಯಲ್ಲೇ ಇತ್ತು. ಅಲ್ಲಿ ಕೂತು ಹೇಳಬಹುದಿತ್ತು. ಹೇಳಬೇಕೆಂದೇ ನಿನ್ನ ಕಾಗದ ಹಿಡಿದು ಆ ಮೆಟ್ಟಿಲ ಮುಂದೆ ನಿಂತೆ. ಮೊದಲು ಓದಿ ಮುಗಿಸೋಣ, ಆಮೇಲೆ ಕೂರೋಣ ಎಂದುಕೊಂಡೆ. ಕೊನೆಯ ಗೆರೆ ಓದಿ ತಲೆ ಎತ್ತಿದೆ. ಎದುರಿಗೆ ಗೋಡೆ ಇತ್ತು.